ವ್ಯಾಲಿರಿಯನ್ ಸ್ಟೀಲ್ ಮತ್ತು ಕೋನಸಮುದ್ರದ ಉಕ್ಕು

ಗೇಮ್ ಆಫ್ ಥ್ರೋನ್ಸ್ ನೋಡಿದವರಿಗೆ ವ್ಯಾಲಿರಿಯನ್ ಸ್ಟೀಲ್ ಬಗ್ಗೆ ಹೇಳಬೇಕಾಗಿಲ್ಲ. ನೋಡದವರಿಗೆ ಚುಟುಕಾಗಿ ಹೇಳ್ತೀನಿ. ಆ ಕಾಲ್ಪನಿಕ ಲೋಕದಲ್ಲಿ ವ್ಯಾಲಿರಿಯಾ ಅನ್ನೋ ರಾಜ್ಯ ನಾಶವಾದಾಗ ಅಲ್ಲಿನ ಮಾಂತ್ರಿಕ ಉಕ್ಕನ್ನು ಮಾಡುವ ವಿದ್ಯೆಯೂ ಜೊತೆಗೇ ಹೋಯಿತು. ಉಳಿದದ್ದು ಕೆಲವೇ ಕತ್ತಿಗಳು. ಹಗುರ, ಮೊಂಡಾಗೋದಿಲ್ಲ, ಮೈಮೇಲೆ ನೀರಿನ ಅಲೆಗಳಂಥ ಗೆರೆಗಳು. ನನ್ನನ್ನು ಹಿಡಿದು ನಿಲ್ಲಿಸಿದ್ದು ಮಾತ್ರ ಇನ್ನೊಂದು ವಿವರ. ಹಳೆಯ ಕತ್ತಿಯನ್ನು ಕರಗಿಸಿ ಹೊಸದು ಮಾಡುವ ಕಮ್ಮಾರರು ಆ ಲೋಕದಲ್ಲಿ ಇನ್ನೂ ಇದ್ದಾರೆ. ಸ್ಟಾರ್ಕ್ ಮನೆತನದ ಒಂದು ದೊಡ್ಡ ಕತ್ತಿ ಎರಡಾಗೋದು ಹಾಗೇ. ಆದರೆ ಲೋಹವನ್ನೇ ಹೊಸದಾಗಿ ಹುಟ್ಟಿಸೋಕೆ ಯಾರಿಗೂ ಬರಲ್ಲ.

ನಮ್ಮ ಲೋಕದಲ್ಲೂ ಹೆಚ್ಚುಕಡಿಮೆ ಇದೇ ಆಗಿದೆ, ಅದೂ ಹೈದರಾಬಾದಿನ ಉತ್ತರಕ್ಕಿರುವ ನಿಜಾಮಾಬಾದ್ ಜಿಲ್ಲೆಯಲ್ಲಿ!

ಡಮಾಸ್ಕಸ್ ಕತ್ತಿ ಅಂತ ಕೇಳಿರ್ತೀರಿ. ಅದರ ಮೇಲೂ ಅಲೆಯಂಥ ಗೆರೆಗಳಿರುತ್ತವೆ. ಹೆಸರು ಸಿರಿಯಾದ ಊರಿನದು, ಕತ್ತಿ ಬಡಿದವರು ಪರ್ಷಿಯಾ, ಸಿರಿಯಾ ಕಡೆಯವರು. ಆದರೆ ಅವರ ಕುಲುಮೆಗೆ ಉಕ್ಕು ಹೋಗುತ್ತಿದ್ದದ್ದು ದಕ್ಷಿಣ ಭಾರತದಿಂದ, ಅಂಗೈಯಲ್ಲಿ ಹಿಡಿಯುವಂಥ ಬಿಲ್ಲೆಗಳ ರೂಪದಲ್ಲಿ. ಹದಿನೇಳನೇ ಶತಮಾನದಲ್ಲಿ ಬಂದ ಫ್ರೆಂಚ್ ವ್ಯಾಪಾರಿ ತಾವೆರ್ನಿಯೆ ಕೂಡ ಗೋಲ್ಕೊಂಡಾದ ಉಕ್ಕಿನ ಬಗ್ಗೆ ಬರೆದಿದ್ದಾನೆ.

1794ರಲ್ಲಿ ಮುಂಬೈನಲ್ಲಿದ್ದ ವೈದ್ಯ ಹೆಲೆನಸ್ ಸ್ಕಾಟ್ ಇದರ ಮಾದರಿಗಳನ್ನು ಲಂಡನ್ನಿನ ರಾಯಲ್ ಸೊಸೈಟಿಯ ಅಧ್ಯಕ್ಷ ಜೋಸೆಫ್ ಬ್ಯಾಂಕ್ಸ್‌ಗೆ ಕಳಿಸಿದ. ಆಗ ಇಂಗ್ಲಿಷಿಗೆ ಬಂದ ಹೆಸರು 'ವೂಟ್ಸ್'. ಇದು ಯಾವ ಭಾಷೆಯ ಪದ? ಹಾಬ್ಸನ್-ಜಾಬ್ಸನ್ ನಿಘಂಟಿನವರ ಊಹೆ ಇದು: ಕನ್ನಡದ 'ಉಕ್ಕು' ಇಂಗ್ಲಿಷಿನಲ್ಲಿ 'ವೂಕ್' ಆಗಿ, ಯಾರೋ ಗುಮಾಸ್ತ ನಕಲು ಮಾಡುವಾಗ ತಪ್ಪಿ 'ವೂಟ್ಸ್' ಆಯಿತು. ಒಂದು ಟೈಪೋ ಇನ್ನೂರು ವರ್ಷ ಪ್ರೊಡಕ್ಷನ್‌ನಲ್ಲಿ ಓಡ್ತಿದೆ ಅನ್ನಿ. ತೆಲುಗಿನಲ್ಲೂ ಅದು ಉಕ್ಕೇ, ಹಾಗಾಗಿ ಹೈದರಾಬಾದಿನಲ್ಲಿ ಕೂತು ಈ ವಿಷಯಕ್ಕೆ ಜಗಳ ತೆಗೆಯೋ ಧೈರ್ಯ ನನಗಿಲ್ಲ.

ಮಾಡುವ ಬಗೆ ಕೇಳಿದರೆ ತುಂಬ ಸರಳ ಅನ್ಸುತ್ತೆ. 1800ರಲ್ಲಿ ಫ್ರಾನ್ಸಿಸ್ ಬುಕಾನನ್ ಮೈಸೂರು ಸೀಮೆಯಲ್ಲಿ, ಮಾಗಡಿ ಕಡೆ, ಇದನ್ನು ನೋಡಿ ಬರೆದುಕೊಂಡ. ಮಣ್ಣಿನ ಸಣ್ಣ ಮೂಸೆ. ಅದರೊಳಗೆ ಕಬ್ಬಿಣದ ತುಂಡು, ತಂಗಡಿ ಗಿಡದ ಕಡ್ಡಿ, ಒಂದಿಷ್ಟು ಹಸಿರೆಲೆ. ತಂಗಡಿ ಅಂದ್ರೆ ಇಲ್ಲಿ ಬತುಕಮ್ಮಕ್ಕೆ ಪೇರಿಸುವ ಹಳದಿ ತಂಗೇಡು ಹೂವಿನ ಗಿಡವೇ. ಬಾಯಿಗೆ ಮಣ್ಣು ಮೆತ್ತಿ, ಇದ್ದಿಲಿನ ಕುಲುಮೆಯಲ್ಲಿಟ್ಟು ತಿದಿ ಒತ್ತುತ್ತಾ ಇರಬೇಕು. ಕಡ್ಡಿ, ಎಲೆ ಸುಟ್ಟು ಬರುವ ಇಂಗಾಲ ಕಬ್ಬಿಣಕ್ಕೆ ಸೇರಿ ಅದು ಕರಗುತ್ತೆ. ನೂರು ಗ್ರಾಂ ಉಕ್ಕಿಗೆ ಸುಮಾರು ಒಂದೂವರೆ ಗ್ರಾಂ ಇಂಗಾಲ. ಮನೆ ಕಟ್ಟೋ ಕಂಬಿಯಲ್ಲಿ ಅದರ ಕಾಲು ಭಾಗವೂ ಇರಲ್ಲ. ಕತ್ತಿ ಒಂದೇ ಅಲ್ಲ, ಚನ್ನಪಟ್ಟಣದಲ್ಲಿ ವಾದ್ಯಗಳಿಗೆ ಉಕ್ಕಿನ ತಂತಿ ಎಳೆಯುತ್ತಿದ್ದದ್ದನ್ನೂ ಬುಕಾನನ್ ನೋಡಿದ್ದಾನೆ.

ಈಗ ಕೋನಸಮುದ್ರಕ್ಕೆ ಬರೋಣ. ಭೂವಿಜ್ಞಾನಿ ಹೆನ್ರಿ ವಾಯ್ಸಿ ಅಲ್ಲಿ ಕಂಡದ್ದು 1832ರಲ್ಲಿ ಅಚ್ಚಾಯಿತು. ಅಲ್ಲಿನವರು ಒಂದೇ ಕಬ್ಬಿಣ ಹಾಕ್ತಿರಲಿಲ್ಲ. ಮೀರ್ತಪಲ್ಲಿಯದು ಮೂರು ಪಾಲು, ಕೊಂಡಾಪುರದ್ದು ಎರಡು ಪಾಲು ಬೆರೆಸುತ್ತಿದ್ದರು. (ಐಟಿ ಕಂಪನಿಗಳ ಪಕ್ಕದ ಕೊಂಡಾಪುರ ಅಲ್ಲ, ಅದು ಬೇರೆ ಊರು.) ವಾಯ್ಸಿಗೆ ಅಲ್ಲಿ ಇಸ್ಫಹಾನಿನ ವ್ಯಾಪಾರಿಯೊಬ್ಬ ಸಿಕ್ಕ. ಹಾಜಿ ಹುಸೇನ್ ಅಂತ. ಅಷ್ಟು ದೂರದಿಂದ ಬಂದು, ಎದುರಿಗೇ ನಿಂತು ಉಕ್ಕು ತೂಗಿಸಿ ಕೊಳ್ಳುತ್ತಿದ್ದ. ಅವನು ಹೇಳಿದ ಮಾತು ನೋಡಿ: ಈ ಊರೂ, ಮಾಡುವ ವಿಧಾನವೂ ಪರ್ಷಿಯಾದವರಿಗೆ ಚೆನ್ನಾಗಿ ಗೊತ್ತು, ತಮ್ಮಲ್ಲಿ ಮಾಡಿಯೂ ನೋಡಿದ್ದಾರೆ, ಆದರೆ ಬರಲಿಲ್ಲ.

ಗುಟ್ಟೇನೂ ಮುಚ್ಚಿಟ್ಟಿರಲಿಲ್ಲ ಅಂತಾಯ್ತು. ಕೋಡ್ ಪೂರ್ತಿ ಕೈಯಲ್ಲಿದೆ, ನಮ್ಮ ಮೆಷಿನ್‌ನಲ್ಲಿ ಮಾತ್ರ ಓಡ್ತಿಲ್ಲ. ಈ ಸಂಕಟ ನಮ್ಮ ಕಸುಬಿನವರಿಗೆ ಚೆನ್ನಾಗಿ ಗೊತ್ತು.

ಯುರೋಪಿನವರೂ ಬಿಡಲಿಲ್ಲ. ಕಮ್ಮಾರನ ಮಗನಾದ ಮೈಕೇಲ್ ಫ್ಯಾರಡೆ, ವಿದ್ಯುತ್ತಿಗೆ ಹೆಸರಾಗುವ ಮುಂಚೆ, 1819ರಿಂದ ಮೂರು ವರ್ಷ ಇದರ ಹಿಂದೆ ಬಿದ್ದಿದ್ದ. ಅಲ್ಯೂಮಿನಿಯಂ ಇರೋದೇ ಕಾರಣ ಅಂದುಕೊಂಡ, ಅದು ತಪ್ಪಾಗಿತ್ತು. ಇಂಗ್ಲೆಂಡಿನ ಕಮ್ಮಾರರು ತಮಗೆ ಅಭ್ಯಾಸವಾದ ಬಿಳಿಗಾವಿನಲ್ಲೇ ಬಡಿದರು, ಉಕ್ಕು ಪುಡಿಪುಡಿಯಾಯಿತು. ಇದನ್ನು ಕಡಿಮೆ ಕಾವಿನಲ್ಲಿ, ತಾಳ್ಮೆಯಿಂದ ಮತ್ತೆ ಮತ್ತೆ ಕಾಯಿಸಿ ಬಡಿಯಬೇಕು.

ಉತ್ತರದ ದೊಡ್ಡ ಭಾಗ ಸಿಕ್ಕಿದ್ದು 1990ರ ದಶಕದಲ್ಲಿ. ಅಮೆರಿಕದ ಲೋಹವಿಜ್ಞಾನಿ ಜಾನ್ ವೆರ್ಹೋವನ್ ಮತ್ತು ಕಮ್ಮಾರ ಆಲ್ಫ್ರೆಡ್ ಪೆಂಡ್ರೇ ಒಟ್ಟಿಗೆ ಕೆಲಸ ಮಾಡಿದರು. ಹಳೇ ಕತ್ತಿಯಲ್ಲಿ ಏನಿದೆ ಅಂತ ತಿಳಿಯೋಕೆ ಅದನ್ನು ಕತ್ತರಿಸಲೇಬೇಕು, ಯಾವ ಮ್ಯೂಸಿಯಂ ಒಪ್ಪುತ್ತೆ? ಅದೃಷ್ಟಕ್ಕೆ ಹೆನ್ರಿ ಮೋಸರ್ ಅನ್ನೋ ಸಂಗ್ರಹಕಾರ ಕೊಟ್ಟಿದ್ದ ಕತ್ತಿಗಳನ್ನು 1924ರಲ್ಲೇ ಒಬ್ಬರು ಕತ್ತರಿಸಿ ಪರೀಕ್ಷಿಸಿದ್ದರು, ಉಳಿದ ತುಂಡುಗಳು ಸ್ವಿಟ್ಜರ್ಲೆಂಡಿನ ಬರ್ನ್‌ನಲ್ಲಿದ್ದವು. ಅವುಗಳಲ್ಲಿ ಕಂಡದ್ದು ವೆನೇಡಿಯಂ. ನೂರು ಗ್ರಾಂ ಉಕ್ಕಿನಲ್ಲಿ ಕೆಲವೇ ಮಿಲಿಗ್ರಾಂ! ಅಷ್ಟಿದ್ದರೆ ಸಾಕು, ಕಾಯಿಸಿ ಬಡಿಯುತ್ತಾ ಹೋದಂತೆ ಕಾರ್ಬೈಡ್ ಕಣಗಳು ಸಾಲುಗಟ್ಟಿ ಅಲೆಗಳು ಮೂಡುತ್ತವೆ. ಇಲ್ಲದಿದ್ದರೆ ಗೆರೆ ಇಲ್ಲ. ಕಮ್ಮಾರ ಎಲ್ಲವನ್ನೂ ಸರಿಯಾಗೇ ಮಾಡಿದ್ದರೂ ಇಲ್ಲ.

ಆ ವೆನೇಡಿಯಂ ಬಂದದ್ದು ಅದಿರಿನಿಂದ. ಅದನ್ನು ಯಾರೂ ಬೇಕೂಂತ ಹಾಕಿದ್ದಲ್ಲ, ವಾಯ್ಸಿ ಕಾಲಕ್ಕೆ ಅಂಥದ್ದೊಂದು ಲೋಹವಿದೆ ಅಂತ ಯಾರಿಗೂ ಸರಿಯಾಗಿ ಗೊತ್ತೇ ಇರಲಿಲ್ಲ. ಅಪ್ಪ ಮಗನಿಗೆ ಕಲಿಸಬಹುದಾಗಿದ್ದದ್ದು 'ಕಬ್ಬಿಣ ಇಂಥ ಊರಿಂದಲೇ ತಾ' ಅನ್ನೋದಷ್ಟೇ. ಆ ಊರಿನ ಅದಿರು ಮುಗಿದರೆ, ವ್ಯಾಪಾರದ ದಾರಿ ಬದಲಾದರೆ, ಸಾವಿರಾರು ಮೈಲಿ ದೂರದ ಕತ್ತಿಯಲ್ಲಿ ಗೆರೆ ಮೂಡಲ್ಲ, ಯಾಕೆ ಅಂತ ಎರಡೂ ಕಡೆಯವರಿಗೆ ಗೊತ್ತಾಗಲ್ಲ. ಗೆರೆಯ ಕತ್ತಿಗಳು ನಿಂತುಹೋಗಿದ್ದು ಹೀಗೇ ಅನ್ನೋದು ವೆರ್ಹೋವನ್ ಅವರ ಊಹೆ, ನನಗೂ ಅದು ಸರಿ ಅನ್ಸುತ್ತೆ. ಆಮೇಲೆ ಅಗ್ಗದ ಇಂಗ್ಲಿಷ್ ಉಕ್ಕು ಬಂದು ಮೂಸೆಗಳನ್ನೇ ಆರಿಸಿತು.

ಒಂದು ಮಾತು, ಕಾಮೆಂಟ್‌ನಲ್ಲಿ ಬರೋ ಮೊದಲೇ. 2006ರಲ್ಲಿ ಡ್ರೆಸ್ಡೆನ್‌ನವರು ಇಂಥ ಕತ್ತಿಯೊಂದರಲ್ಲಿ ಇಂಗಾಲದ ನ್ಯಾನೋ ಕೊಳವೆಗಳು ಕಂಡವು ಅಂತ ಪ್ರಕಟಿಸಿದ್ದು ನಿಜ. ಅದನ್ನೇ 'ನಮ್ಮ ಪೂರ್ವಿಕರಿಗೆ ನ್ಯಾನೋ ಟೆಕ್ನಾಲಜಿ ಗೊತ್ತಿತ್ತು' ಅಂತ ಫಾರ್ವರ್ಡ್ ಮಾಡಬೇಡಿ. ಗೊತ್ತಿದ್ದಿದ್ದರೆ ಕಳೆದುಹೋಗುತ್ತಲೇ ಇರಲಿಲ್ಲ. ಅವರಿಗೆ ಗೊತ್ತಿದ್ದದ್ದು ಕಾವಿನ ಬಣ್ಣ, ಮೂಸೆಯ ಹದ, ಕಬ್ಬಿಣದ ಊರು. ಅದೇನು ಸಣ್ಣದಲ್ಲ.

2010ರಲ್ಲಿ ಬೆಂಗಳೂರಿನ ನಿಯಾಸ್ ಸಂಸ್ಥೆ ಮತ್ತು ಇಂಗ್ಲೆಂಡಿನ ಎಕ್ಸೆಟರ್ ವಿಶ್ವವಿದ್ಯಾಲಯದವರು ಉತ್ತರ ತೆಲಂಗಾಣದ ಹಳ್ಳಿಗಳನ್ನು ಸುತ್ತಿ ಈ ಕುಲುಮೆಗಳ ಜಾಡು ದಾಖಲಿಸಿದರು. ಮೂಸೆಯ ಚೂರುಗಳು, ಕಬ್ಬಿಣದ ಕಿಟ್ಟದ ರಾಶಿಗಳು ಅಲ್ಲಿನ ಹೊಲಗಳಲ್ಲಿ ಇನ್ನೂ ಬಿದ್ದಿವೆ.