ತಗಡಿನ ಡಬ್ಬಿಯ ಗಿಟಾರು

ಸಹಾರಾ ಮರುಭೂಮಿಯಲ್ಲಿ ಒಂಟೆ, ಆಡುಗಳನ್ನು ಮೇಯಿಸುತ್ತ ಅಲೆದಾಡುತ್ತ ಬಂದ ಟುವಾರೆಗರದು ಪ್ರಾಚೀನವಾದ ಜನಾಂಗ. ಇವರಲ್ಲಿ ಮುಖವನ್ನು ವಸ್ತ್ರದಿಂದ ಮರೆಮಾಡಿಕೊಳ್ಳುವವರು ಗಂಡಸರು, ಹೆಂಗಸರಲ್ಲ. ಆ ವಸ್ತ್ರದ ನೀಲಿ ಬಣ್ಣ ಮೈಗೂ ಹತ್ತುವುದರಿಂದ ಇವರಿಗೆ ‘ನೀಲಿ ಜನ’ ಎಂಬ ಹೆಸರು ಬಂದಿದೆ. ಈ ಜನರ ಅಳಲನ್ನು ಗಿಟಾರಿನಲ್ಲಿ ನುಡಿಸಿ ಲೋಕಕ್ಕೆ ಕೇಳಿಸಿದವರಲ್ಲಿ ಇಬ್ರಾಹಿಂ ಅಗ್ ಅಲ್ಹಬೀಬ್ ಅಗ್ರಗಣ್ಯನು. ‘ಅಗ್’ ಎಂದರೆ ಮಗ ಎಂದರ್ಥ.

1960ರಲ್ಲಿ ಮಾಲಿ ದೇಶವು ಸ್ವತಂತ್ರವಾಯಿತು. ಹೊಸ ಗಡಿಗಳು ಅಲೆಮಾರಿಗಳ ದಾರಿಗೆ ಅಡ್ಡ ಬಂದವು. ಉತ್ತರದ ಟುವಾರೆಗರು ದಂಗೆಯೆದ್ದರು. ಸರ್ಕಾರ ಅದನ್ನು ನಿರ್ದಯವಾಗಿ ಅಡಗಿಸಿತು. 1963ರಲ್ಲಿ ಇಬ್ರಾಹಿಮನ ತಂದೆಯನ್ನು ಸೈನಿಕರು ಕೊಂದಾಗ ಬಾಲಕನಿಗೆ ಸುಮಾರು ನಾಲ್ಕು ವರ್ಷ. ಕುಟುಂಬವು ಅಲ್ಜೀರಿಯಕ್ಕೆ ವಲಸೆ ಹೋಯಿತು. ಅಲ್ಲಿ ಆತ ಕಂಡ ಒಂದು ಚಲನಚಿತ್ರದಲ್ಲಿ ದನಗಾಹಿಯೊಬ್ಬ ಗಿಟಾರು ನುಡಿಸುತ್ತಿದ್ದನು. ಅದನ್ನು ನೋಡಿ ಹುಡುಗನೂ ತನಗೊಂದು ವಾದ್ಯವನ್ನು ಕಟ್ಟಿಕೊಂಡನು. ತಗಡಿನ ಡಬ್ಬಿಯೇ ಅದರ ಒಡಲು, ಕೋಲೇ ಅದರ ಕೊರಳು, ಸೈಕಲ್ಲಿನ ಬ್ರೇಕಿನ ತಂತಿಯೇ ಅದರ ನಾದ! ಕಲಿಸುವ ಗುರು ಯಾರೂ ಇರಲಿಲ್ಲ. ನಿಜವಾದ ಗಿಟಾರು ಕೈಗೆ ಬಂದದ್ದು ಎಷ್ಟೋ ವರ್ಷಗಳ ಅನಂತರ, ತಮನ್‌ರಾಸೆಟ್ ಪಟ್ಟಣದಲ್ಲಿ.

ಟುವಾರೆಗರ ಸಾಂಪ್ರದಾಯಿಕ ಸಂಗೀತದಲ್ಲಿ ಸ್ತ್ರೀಯರದೇ ಮೇಲುಗೈ. ಒರಳಿನ ಬಾಯಿಗೆ ಆಡಿನ ಚರ್ಮವನ್ನು ಬಿಗಿದು ಬಾರಿಸುವ ತೆಂಡೆ, ಒಂದೇ ತಂತಿಯ ಇಮ್ಜಾದ್ ಇವೆರಡೂ ಅವರ ವಾದ್ಯಗಳು. ಇಬ್ರಾಹಿಂ ಮತ್ತು ಅವನ ಗೆಳೆಯರು ಈ ಲಯವನ್ನು ಗಿಟಾರಿಗೆ ತಂದರು. ಹೆಬ್ಬೆರಳು ದಪ್ಪ ತಂತಿಯಲ್ಲಿ ಒಂದೇ ಸ್ವರವನ್ನು ಶ್ರುತಿಯಂತೆ ಮೀಟುತ್ತಿದ್ದರೆ, ಉಳಿದ ಬೆರಳುಗಳು ರಾಗವನ್ನು ನುಡಿಸುತ್ತವೆ. ಚಪ್ಪಾಳೆಯ ತಾಳವೂ ಒಬ್ಬರು ಹಾಡಿ ಹಲವರು ದನಿಗೂಡಿಸುವ ಪದ್ಧತಿಯೂ ಹಳೆಯವೇ. ಇವುಗಳೊಡನೆ ಜಿಮಿ ಹೆಂಡ್ರಿಕ್ಸ್, ಸಂತಾನ ಮೊದಲಾದವರ ರಾಕ್ ಸಂಗೀತದ ಬಿರುಸೂ ಬೆರೆಯಿತು. ಆದರೂ ಕೇಳುವವನಿಗೆ ಮೊದಲು ನೆನಪಾಗುವುದು ಒಂಟೆಯ ನಡಿಗೆಯೇ.

1979ರ ವೇಳೆಗೆ ರೂಪುಗೊಂಡ ಈ ತಂಡವೇ ‘ತಿನಾರಿವೆನ್’. ಈ ಮಾತಿಗೆ ಮರುಭೂಮಿಗಳು ಎಂದರ್ಥ. ಬರಗಾಲದಲ್ಲಿ ಜಾನುವಾರುಗಳನ್ನು ಕಳೆದುಕೊಂಡು ಕೆಲಸ ಹುಡುಕುತ್ತ ಅಲೆಯುತ್ತಿದ್ದ ತರುಣರಿಗೆ ಇವರ ಹಾಡುಗಳು ಊರಿನ ನೆನಪನ್ನೂ ಹೋರಾಟದ ಸುದ್ದಿಯನ್ನೂ ತಲುಪಿಸುತ್ತಿದ್ದವು. ಖಾಲಿ ಕ್ಯಾಸೆಟ್ಟು ತಂದವರಿಗೆ ತಂಡದವರು ಉಚಿತವಾಗಿ ಹಾಡಿ ಕೊಡುತ್ತಿದ್ದರು. ಅದು ಕೈಯಿಂದ ಕೈಗೆ ನಕಲಾಗಿ ಮರಳಿನುದ್ದಕ್ಕೂ ಹರಡುತ್ತಿತ್ತು. ಲಿಬಿಯದ ಸೈನಿಕ ಶಿಬಿರಗಳಲ್ಲಿ ತರಬೇತಿ ಪಡೆದ ಇವರಲ್ಲಿ ಕೆಲವರು 1990ರ ದಂಗೆಯಲ್ಲಿ ಕಾದಿದರು. ಮರುವರ್ಷದ ಒಪ್ಪಂದದ ಬಳಿಕ ಬಂದೂಕನ್ನು ಬಿಟ್ಟು ಸಂಗೀತವನ್ನೇ ನಚ್ಚಿದರು.

2012ರ ಫೆಬ್ರವರಿಯಲ್ಲಿ ಇವರ ‘ತಸ್ಸಿಲಿ’ ಧ್ವನಿಮುದ್ರಿಕೆಗೆ ಗ್ರ್ಯಾಮಿ ಪ್ರಶಸ್ತಿ ದೊರೆಯಿತು. ಅದೇ ವರ್ಷ ಉತ್ತರ ಮಾಲಿಯನ್ನು ವಶಪಡಿಸಿಕೊಂಡ ಉಗ್ರಗಾಮಿಗಳು ಸಂಗೀತವನ್ನೇ ನಿಷೇಧಿಸಿ, ವಾದ್ಯಗಳನ್ನು ಸುಟ್ಟರು. ಹುಟ್ಟೂರಿನ ಕಡೆ ಹಾಡಲು ಎಡೆಯಿಲ್ಲದ ತಂಡವು ಅಮೆರಿಕದ ಕ್ಯಾಲಿಫೋರ್ನಿಯಕ್ಕೆ ಹೋಗಿ, ಅಲ್ಲಿನ ಜೋಷುವಾ ಟ್ರೀ ಎಂಬ ಮರುಭೂಮಿಯಲ್ಲಿ ಕುಳಿತು ತನ್ನ ಮುಂದಿನ ಹಾಡುಗಳನ್ನು ಮುದ್ರಿಸಿತು.