ಬೊಸಾ ನೋವಾಕ್ಕೆ ಕಂಪ್ಯೂಟರ್ ತಾಳ
ಪ್ರಶ್ನೆ: ಬ್ರೆಜಿಲ್‌ನ ಹಳೆಯ ಬೊಸಾ ನೋವಾಕ್ಕೆ ಕಂಪ್ಯೂಟರ್ ಸಂಗೀತ ಬೆರೆಸುತ್ತಾರಂತೆ. ನಮ್ಮ ತಮಟೆಗೂ ಹೀಗೆ ಮಾಡಬಹುದೇ?
– ಓದುಗರು, ನಾಗಮಂಗಲ

ಉತ್ತರ: ಮಾಡಬಹುದು, ಆದರೆ ಅಷ್ಟು ಸಲೀಸಲ್ಲ. 1950ರ ದಶಕದ ಕೊನೆಗೆ ರಿಯೊದಲ್ಲಿ ಜೊವಾವ್ ಜಿಲ್ಬರ್ಟೊ ಸಾಂಬಾ ಕುಣಿತದ ಅಬ್ಬರವನ್ನೆಲ್ಲ ಒಂದು ಗಿಟಾರಿಗೆ ಇಳಿಸಿದರು, ಹೆಬ್ಬೆರಳೇ ನಗಾರಿ; ಅದೇ ಬೊಸಾ ನೋವಾ. ಅವರ ಮಗಳು ಬೆಬೆಲ್ 2000ದಲ್ಲಿ ತಂದ ‘ಟಾಂಟೊ ಟೆಂಪೊ’ ಆಲ್ಬಮ್ಮಿಗೆ ಎಲೆಕ್ಟ್ರಾನಿಕ್ ನಾದ ಕೂಡಿಸಿದವರು ಸೆರ್ಬಿಯಾ ಮೂಲದ ಸುಬಾ. ಬೊಸಾ ನೋವಾದ್ದು ಮೆಲುದನಿ, ಮತ್ತೆ ಮತ್ತೆ ಮರಳುವ ಲಯ: ಯಂತ್ರಕ್ಕೆ ಅದು ಒಗ್ಗಿತು.

ತಮಟೆ ಹಾಗಲ್ಲ. ಬೆಂಕಿಗೆ ಹಿಡಿದು ಕಾಯಿಸಿದ ಚರ್ಮ ತಣಿದಂತೆ ದನಿ ಇಳಿಯುತ್ತದೆ, ಕುಣಿತ ಏರಿದಂತೆ ಲಯ ಓಡುತ್ತದೆ. ಯಂತ್ರದ ತಾಳಕ್ಕೆ ಅದನ್ನು ಕಟ್ಟಿಹಾಕಿದರೆ ಕೆಟ್ಟೀತು. ಮೊದಲು ತಮಟೆಯವರ ಬಡಿತ ರೆಕಾರ್ಡ್ ಆಗಲಿ. ಕಂಪ್ಯೂಟರ್ ಅದರ ಹಿಂದೆ ಬರಲಿ.