ಕಾಲುರಿಗೂ ಖಿನ್ನತೆಗೂ ಒಂದೇ ಮಾತ್ರೆ

ಹಲವು ವರ್ಷಗಳಿಂದ ಸಕ್ಕರೆ ಕಾಯಿಲೆ ಇರುವವರೊಬ್ಬರು ಡಾಕ್ಟರ ಬಳಿ ಹೋಗುತ್ತಾರೆ. ರಾತ್ರಿಯಾದರೆ ಅಂಗಾಲು ಉರಿ, ಹೊದಿಕೆ ಸೋಕಿದರೂ ತಡೆಯಲಾಗದು. ಮಲಗುವ ಮುಂಚೆ ಒಂದು ಎಂದು ಡಾಕ್ಟರು ಅಮಿಟ್ರಿಪ್ಟಿಲಿನ್ 10 ಮಿಲಿಗ್ರಾಂ ಬರೆದುಕೊಡುತ್ತಾರೆ. ಮನೆಗೆ ಬಂದ ಮೇಲೆ ಮಗನೋ ಸೊಸೆಯೋ ಮೊಬೈಲಿನಲ್ಲಿ ಆ ಹೆಸರು ಹುಡುಕಿದರೆ ಸಿಗುವ ಉತ್ತರ: ಖಿನ್ನತೆಯ ಔಷಧ. ‘ನನಗೇನು ತಲೆ ಕೆಟ್ಟಿದೆಯಾ?’ ಎಂಬ ಸಿಟ್ಟಿನಲ್ಲಿ ಮಾತ್ರೆ ಮೂಲೆ ಸೇರುತ್ತದೆ. ಉರಿ ಮಾತ್ರ ಹಾಗೇ ಉಳಿಯುತ್ತದೆ.

ಇಲ್ಲಿ ಡಾಕ್ಟರು ತಪ್ಪು ಬರೆದಿಲ್ಲ, ಮೊಬೈಲೂ ಸುಳ್ಳು ಹೇಳಿಲ್ಲ. ಖಿನ್ನತೆಗೆಂದು ಬಳಕೆಗೆ ಬಂದು, ಆಮೇಲೆ ನರದ ನೋವು, ತಲೆನೋವು, ಹೊಟ್ಟೆಯ ತೊಂದರೆ, ಮಕ್ಕಳು ಹಾಸಿಗೆ ಒದ್ದೆ ಮಾಡಿಕೊಳ್ಳುವುದು ಇವಕ್ಕೆಲ್ಲ ಹಬ್ಬಿದ ಔಷಧಗಳ ಒಂದು ಗುಂಪಿದೆ. ಅಣುವಿನಲ್ಲಿ ಮೂರು ಉಂಗುರಗಳು ಕೂಡಿಕೊಂಡಿರುವುದರಿಂದ ಅವನ್ನು ಟ್ರೈಸೈಕ್ಲಿಕ್ ಎನ್ನುತ್ತಾರೆ. ಇಮಿಪ್ರಮಿನ್, ಅಮಿಟ್ರಿಪ್ಟಿಲಿನ್, ನಾರ್ಟ್ರಿಪ್ಟಿಲಿನ್, ಕ್ಲೋಮಿಪ್ರಮಿನ್, ಡಾಕ್ಸೆಪಿನ್ ಎಲ್ಲವೂ ಈ ವಂಶದವೇ.

ವಂಶದ ಹಿರಿಯ ಇಮಿಪ್ರಮಿನ್. 1950ರ ದಶಕದಲ್ಲಿ ಕ್ಲೋರ್‌ಪ್ರೊಮಜಿನ್ ಎಂಬ ಔಷಧ ಮನೋರೋಗ ಚಿಕಿತ್ಸೆಯ ದಿಕ್ಕನ್ನೇ ಬದಲಿಸಿತ್ತು. ಅದನ್ನು ಹೋಲುವ ಮತ್ತೊಂದನ್ನು ಕಂಡುಹಿಡಿಯಲು ಸ್ವಿಟ್ಜರ್ಲೆಂಡಿನ ಗೈಗಿ ಕಂಪನಿ ತನ್ನ ಬಳಿಯಿದ್ದ ಹಳೆಯ ರಾಸಾಯನಿಕಗಳನ್ನು ಜಾಲಾಡಿತು. ಹಾಗೆ ಸಿಕ್ಕ, ಮುಂದೆ ಇಮಿಪ್ರಮಿನ್ ಎನಿಸಿಕೊಂಡ ಜಿ 22355 ಎಂಬ ಸಂಯುಕ್ತವನ್ನು ಮ್ಯೂನ್‌ಸ್ಟರ್‌ಲಿಂಗನ್ ಊರಿನ ಮನೋರೋಗ ಆಸ್ಪತ್ರೆಯಲ್ಲಿ ರೋಲಾಂಡ್ ಕೂನ್ ಎಂಬ ವೈದ್ಯ ಸ್ಕಿಜೋಫ್ರೀನಿಯಾ ರೋಗಿಗಳಿಗೆ ಕೊಟ್ಟು ನೋಡಿದ. ಗುಣ ಕಾಣಲಿಲ್ಲ, ಕೆಲವರ ಚಡಪಡಿಕೆ ಇನ್ನೂ ಹೆಚ್ಚಿತು. 1956ರಲ್ಲಿ ಅದನ್ನೇ ತೀವ್ರ ಖಿನ್ನತೆಯವರಿಗೆ ಕೊಟ್ಟಾಗ ಕಥೆ ಬೇರೆಯಾಯಿತು. ಮಂಕಾಗಿ ಕೂತವರು ತಾವಾಗಿಯೇ ಮಾತಿಗೆ ಬಂದರು, ಊಟ-ನಿದ್ದೆ ಮರಳಿತು. 1957ರಲ್ಲಿ ಜ್ಯೂರಿಚ್‌ನ ವಿಶ್ವ ಮನೋವೈದ್ಯ ಸಮ್ಮೇಳನದಲ್ಲಿ ಕೂನ್ ಇದನ್ನು ಮಂಡಿಸಿದಾಗ ಕೇಳಲು ಕೂತಿದ್ದವರು ಹತ್ತು ಹನ್ನೆರಡು ಮಂದಿಯಂತೆ.

ಈ ಕಥೆಗೆ ಕಪ್ಪು ಬದಿಯೂ ಉಂಟು. ಅದೇ ಆಸ್ಪತ್ರೆಯಲ್ಲಿ ದಶಕಗಳ ಕಾಲ ಹಲವಾರು ಸಂಯುಕ್ತಗಳನ್ನು ರೋಗಿಗಳ ಮೇಲೆ ಪರೀಕ್ಷಿಸಲಾಗಿತ್ತು, ಎಷ್ಟೋ ಮಂದಿಗೆ ಅದರ ಅರಿವೇ ಇರಲಿಲ್ಲ ಎಂಬುದನ್ನು 2019ರಲ್ಲಿ ಪ್ರಕಟವಾದ ಇತಿಹಾಸಕಾರರ ಅಧ್ಯಯನ ಬಯಲಿಗೆ ತಂದಿತು. ಕೂನ್‌ನ ಹೆಸರನ್ನು ಗೌರವದಿಂದ ಹೇಳುವವರು ಇದನ್ನೂ ಸೇರಿಸಿಯೇ ಹೇಳಬೇಕು.

ಮಾತ್ರೆ ಒಳಗೆ ಮಾಡುವುದೇನು? ಮಿದುಳಿನ ಒಂದು ನರಕೋಶ ಇನ್ನೊಂದಕ್ಕೆ ಸುದ್ದಿ ಮುಟ್ಟಿಸಲು ನಾರ್‌ಅಡ್ರಿನಲಿನ್, ಸೆರೊಟೋನಿನ್‌ನಂಥ ರಾಸಾಯನಿಕಗಳನ್ನು ಹೊರಬಿಟ್ಟು, ಕೆಲಸವಾದ ಮೇಲೆ ಮತ್ತೆ ಒಳಗೆಳೆದುಕೊಳ್ಳುತ್ತದೆ. ಇಮಿಪ್ರಮಿನ್ ಈ ಹಿಂದೆಳೆತವನ್ನು ತಡೆಯುತ್ತದೆ ಎಂದು ತೋರಿಸಿದವನು ಅಮೆರಿಕದ ಜೂಲಿಯಸ್ ಆಕ್ಸೆಲ್‌ರಾಡ್. ನರರಾಸಾಯನಿಕಗಳ ಮೇಲಿನ ಕೆಲಸಕ್ಕಾಗಿ 1970ರ ನೊಬೆಲ್‌ನಲ್ಲಿ ಆತನಿಗೂ ಪಾಲು ಸಿಕ್ಕಿತು. ವಿಚಿತ್ರವೆಂದರೆ ಈ ತಡೆ ಕೆಲವೇ ಗಂಟೆಗಳಲ್ಲಿ ಆಗಿಬಿಡುತ್ತದೆ, ಮನಸ್ಸು ಹಗುರಾಗಲು ಮಾತ್ರ ಎರಡರಿಂದ ನಾಲ್ಕು ವಾರ ಬೇಕು. ‘ಎಂಟು ದಿನ ನುಂಗಿದೆ, ಏನೂ ಆಗಲಿಲ್ಲ’ ಎಂದು ಬಿಟ್ಟುಬಿಡುವವರು ಗುಣ ಕಾಣುವ ಮೊದಲೇ ಕೈಚೆಲ್ಲಿದಂತೆ.

1987ರಲ್ಲಿ ಅಮೆರಿಕದಲ್ಲಿ ಮಂಜೂರಾತಿ ಪಡೆದ ಫ್ಲುಯೊಕ್ಸೆಟಿನ್ ಮತ್ತು ಅದರ ಬಳಗ ಇವತ್ತು ಖಿನ್ನತೆಗೆ ಮೊದಲ ಆಯ್ಕೆ. ಹಳೆಯವು ಕೆಲಸ ಮಾಡುವುದಿಲ್ಲ ಎಂದಲ್ಲ; ಹೊಸವು ಕಾಟ ಕಡಿಮೆ ಕೊಡುತ್ತವೆ, ಮಿತಿಮೀರಿ ನುಂಗಿದರೂ ಅಪಾಯ ಕಡಿಮೆ. ಹೊಸ ಚಿಕಿತ್ಸೆಗಳನ್ನು ಅಳೆಯುವ ಕೋಲಾಗಿಯೂ ಇಮಿಪ್ರಮಿನ್ ಬಹುಕಾಲ ನಿಂತಿತು. ಬೆಂಗಳೂರಿನ ನಿಮ್ಹಾನ್ಸ್‌ನಲ್ಲೇ ಅದಕ್ಕೊಂದು ಉದಾಹರಣೆ ಇದೆ. ಆಸ್ಪತ್ರೆಗೆ ದಾಖಲಾಗಿದ್ದ, ಆಳವಾದ ಖಿನ್ನತೆಯ 45 ರೋಗಿಗಳನ್ನು ಮೂರು ಗುಂಪು ಮಾಡಿ, ಒಂದಕ್ಕೆ ಜನ ‘ಕರೆಂಟ್ ಕೊಡುವುದು’ ಎನ್ನುವ ಇಸಿಟಿ, ಒಂದಕ್ಕೆ ಇಮಿಪ್ರಮಿನ್, ಮತ್ತೊಂದಕ್ಕೆ ಸುದರ್ಶನ ಕ್ರಿಯೆ ಎಂಬ ಉಸಿರಾಟದ ಯೋಗ ಕೊಟ್ಟರು. 2000ದಲ್ಲಿ ಪ್ರಕಟವಾದ ಫಲಿತಾಂಶದ ಪ್ರಕಾರ ನಾಲ್ಕು ವಾರದ ಕೊನೆಗೆ ರೋಗಲಕ್ಷಣಗಳಿಂದ ಹೊರಬಂದವರು ಕ್ರಮವಾಗಿ ಶೇ. 93, 73 ಮತ್ತು 67. ಗುಂಪಿಗೆ ಹದಿನೈದೇ ಮಂದಿ, ಹುಸಿಮಾತ್ರೆಯ ಗುಂಪು ಇಲ್ಲ. ಇಷ್ಟರಿಂದ ಮಾತ್ರೆ ಗೆದ್ದಿತು, ಯೋಗ ಸೋತಿತು ಎಂಬ ತೀರ್ಮಾನಕ್ಕೆ ಹಾರುವುದು ಬೇಡ.

ನೋವಿನ ವಿಷಯಕ್ಕೆ ಬಂದರೆ ಹಳಬರದೇ ಮೇಲುಗೈ. ಸಕ್ಕರೆ ಕಾಯಿಲೆಯ ನರನೋವಿನ ಮೇಲೆ ನಡೆದ ಒಂದು ಪರೀಕ್ಷೆ 1992ರಲ್ಲಿ ನ್ಯೂ ಇಂಗ್ಲೆಂಡ್ ಜರ್ನಲ್ ಆಫ್ ಮೆಡಿಸಿನ್‌ನಲ್ಲಿ ಪ್ರಕಟವಾಯಿತು. ಅಮಿಟ್ರಿಪ್ಟಿಲಿನ್, ಅದೇ ವಂಶದ ಡೆಸಿಪ್ರಮಿನ್ ಎರಡೂ ನೋವು ತಗ್ಗಿಸಿದವು. ಫ್ಲುಯೊಕ್ಸೆಟಿನ್ ಹುಸಿಮಾತ್ರೆಗಿಂತ ಮಿಗಿಲಾಗಲಿಲ್ಲ. ಖಿನ್ನತೆ ಇಲ್ಲದವರಿಗೂ ನೋವು ಇಳಿಯುತ್ತದೆ ಎಂಬುದು ಅದಕ್ಕೂ ಮುಂಚೆಯೇ ಗೊತ್ತಾಗಿತ್ತು. ಹಾಗಾಗಿ ಅಂಗಾಲುರಿಗೆ ಈ ಮಾತ್ರೆ ಬರೆದ ಡಾಕ್ಟರು ರೋಗಿಯ ಮನಸ್ಸಿನ ಬಗ್ಗೆ ಏನನ್ನೂ ಸೂಚಿಸುತ್ತಿಲ್ಲ. ಪ್ರಮಾಣವೂ ಬೇರೆ: ನೋವಿಗೆ ಸಾಮಾನ್ಯವಾಗಿ ರಾತ್ರಿ 10 ಅಥವಾ 25 ಮಿಲಿಗ್ರಾಂನಿಂದ ಶುರು, ಖಿನ್ನತೆಗೆ ಬಹಳ ಸಲ 75ರಿಂದ 150.

ಪದೇ ಪದೇ ಬರುವ ಅರೆತಲೆನೋವನ್ನು ತಡೆಯಲೂ ಅಮಿಟ್ರಿಪ್ಟಿಲಿನ್ ಕೊಡುತ್ತಾರೆ. ಕೈ ತೊಳೆದಷ್ಟೂ ಸಾಲದು, ಬಾಗಿಲ ಚಿಲಕ ನೋಡಿದಷ್ಟೂ ಸಾಲದು ಎನ್ನಿಸುವ ಗೀಳು ಕಾಯಿಲೆಗೆ ಕ್ಲೋಮಿಪ್ರಮಿನ್ ಇದೆ. (ಒಡೆಯರು ಮನೆ ಬಿಟ್ಟೊಡನೆ ಊಳಿಡುವ ನಾಯಿಗಳ ಆತಂಕಕ್ಕೂ ಪಶುವೈದ್ಯರು ಇದನ್ನೇ ಬಳಸುವುದುಂಟು.) ಊಟವಾದೊಡನೆ ಹೊಟ್ಟೆ ನುಲಿಯುವ, ಭೇದಿ-ಮಲಬದ್ಧತೆಗಳ ನಡುವೆ ತೂಗಾಡುವ ಐಬಿಎಸ್ ರೋಗಿಗಳ ಮೇಲೆ ಇಂಗ್ಲೆಂಡಿನಲ್ಲಿ ನಡೆದ ಅಧ್ಯಯನವೊಂದು 2023ರಲ್ಲಿ ಲ್ಯಾನ್ಸೆಟ್‌ನಲ್ಲಿ ಬಂತು. 463 ಮಂದಿಯಲ್ಲಿ ಅರ್ಧದಷ್ಟು ಜನ ದಿನಕ್ಕೆ 10ರಿಂದ 30 ಮಿಲಿಗ್ರಾಂ ಅಮಿಟ್ರಿಪ್ಟಿಲಿನ್ ತೆಗೆದುಕೊಂಡರು. ಆರು ತಿಂಗಳಲ್ಲಿ ಅವರ ತೊಂದರೆ ಹುಸಿಮಾತ್ರೆಯವರಿಗಿಂತ ಚೆನ್ನಾಗಿ ತಗ್ಗಿತ್ತು.

ಇಷ್ಟೆಲ್ಲಕ್ಕೂ ಆಗುವುದು ಹೇಗೆ? ಕೂಡುಕುಟುಂಬದ ಯಜಮಾನನಂತೆ ಈ ಔಷಧ ಎಲ್ಲದಕ್ಕೂ ತಲೆ ಹಾಕುತ್ತದೆ. ಉಪಕಾರ ಬಂದದ್ದೂ ಅಲ್ಲಿಂದಲೇ, ಉಪದ್ರವ ಬಂದದ್ದೂ ಅಲ್ಲಿಂದಲೇ.

ದೇಹದ ಹಿಸ್ಟಮಿನ್ ಎಂಬ ರಾಸಾಯನಿಕಕ್ಕೆ ಅಡ್ಡ ನಿಂತರೆ ನಿದ್ದೆ ಬರುತ್ತದೆ. ನಿದ್ದೆಗೆಟ್ಟವರಿಗೆ ಅದು ವರ. ಬೆಳಿಗ್ಗೆ ಆರಕ್ಕೆ ಬಸ್ಸು ಓಡಿಸಬೇಕಾದವರಿಗೆ ಗಂಡಾಂತರ. ಹಸಿವೂ ಹೆಚ್ಚಿ ತೂಕ ಏರುತ್ತದೆ. ಅಸಿಟೈಲ್‌ಕೋಲಿನ್ ಎಂಬ ಇನ್ನೊಂದು ರಾಸಾಯನಿಕವನ್ನು ತಡೆದಾಗ ಬಾಯಿ ಒಣಗುತ್ತದೆ, ಮಲಬದ್ಧತೆ ಕಾಡುತ್ತದೆ, ಹತ್ತಿರದ ಅಕ್ಷರ ಮಂಜಾಗುತ್ತದೆ. ಬಾಯಿ ಬಹುಕಾಲ ಒಣಗಿದ್ದರೆ ಹಲ್ಲೂ ಹುಳುಕಾಗುತ್ತದೆ. ಪ್ರಾಸ್ಟೇಟ್ ಊದಿಕೊಂಡಿರುವ ಹಿರಿಯರಿಗೆ ಮೂತ್ರವೇ ಕಟ್ಟಿಕೊಳ್ಳಬಹುದು, ಒಂದು ಬಗೆಯ ಗ್ಲಾಕೋಮಾ ಇರುವವರ ಕಣ್ಣಿನ ಒತ್ತಡ ದಿಢೀರನೆ ಏರಬಹುದು. ಮಜಾ ಎಂದರೆ, ಮೂತ್ರಕೋಶವನ್ನು ಸಡಿಲಿಸುವ ಗುಣವೂ ಇರುವುದರಿಂದಲೇ ಹಾಸಿಗೆ ಒದ್ದೆ ಮಾಡುವ ಮಕ್ಕಳಿಗೆ ಇಮಿಪ್ರಮಿನ್ ಕೊಡುವ ರೂಢಿ ಬಂತು. ಔಷಧ ನಿಲ್ಲಿಸಿದ ಮೇಲೆ ಅನೇಕ ಮಕ್ಕಳಲ್ಲಿ ತೊಂದರೆ ಮರಳುತ್ತದೆ. ಈಗ ಅದು ಮೊದಲ ಆಯ್ಕೆಯಲ್ಲ.

ಹಿರಿಯರ ಮನೆಯಲ್ಲಿ ಹೆಚ್ಚು ಹೆದರಬೇಕಾದದ್ದು ಬೀಳುವುದಕ್ಕೆ. ಈ ಮಾತ್ರೆ ನುಂಗಿದವರು ಥಟ್ಟನೆ ಎದ್ದು ನಿಂತರೆ ರಕ್ತದೊತ್ತಡ ಕುಸಿಯುತ್ತದೆ. ರಾತ್ರಿ ಎರಡು ಗಂಟೆಗೆ ಬಚ್ಚಲಿಗೆ ಎದ್ದ ಅಜ್ಜಿಗೆ ತಲೆ ಸುತ್ತಿ, ಮಂಪರೂ ಸೇರಿದರೆ ಸೊಂಟದ ಮೂಳೆ ಮುರಿಯಲು ಅಷ್ಟು ಸಾಕು. ವಯಸ್ಸಾದವರಲ್ಲಿ ಗೊಂದಲ, ಮರೆವೂ ಕಾಣಿಸಬಹುದು. ಎದ್ದು ಹಾಸಿಗೆಯ ಅಂಚಿನಲ್ಲಿ ಸ್ವಲ್ಪ ಹೊತ್ತು ಕೂತು ಆಮೇಲೆ ನಿಲ್ಲಿ ಎಂಬ ಡಾಕ್ಟರ ಮಾತು ಕ್ಷುಲ್ಲಕವಲ್ಲ.

ಎಲ್ಲಕ್ಕಿಂತ ಗಂಭೀರವಾದದ್ದು ಹೃದಯದ ಸಂಗತಿ. ಮಿತಿಮೀರಿದ ಪ್ರಮಾಣದಲ್ಲಿ ಇವು ಹೃದಯದ ವಿದ್ಯುತ್ ಸಂಚಾರವನ್ನೇ ಕೆಡಿಸಿ ಜೀವ ತೆಗೆಯಬಲ್ಲವು. ಆಗ ಆಸ್ಪತ್ರೆಯಲ್ಲಿ ರಕ್ತನಾಳಕ್ಕೆ ಕೊಡುವುದು ಸೋಡಿಯಂ ಬೈಕಾರ್ಬೊನೇಟ್. ಅಡುಗೆ ಸೋಡಾದಲ್ಲಿರುವ ಅದೇ ರಾಸಾಯನಿಕ. ಹಾಗೆಂದು ಮನೆಯಲ್ಲಿ ಸೋಡಾ ಕುಡಿಸಿ ಕಾಯುವುದಲ್ಲ, ತಕ್ಷಣ ಆಸ್ಪತ್ರೆಗೆ ಓಡಬೇಕು. ಸಾಯುವ ಯೋಚನೆ ಬರುತ್ತಿರುವವರಿಗೆ ಡಾಕ್ಟರು ಒಮ್ಮೆಗೆ ಕೆಲವೇ ದಿನದ ಮಾತ್ರೆ ಕೊಟ್ಟು, ಮನೆಯವರ ಕೈಯಲ್ಲಿಡುವುದು ಇದೇ ಕಾರಣಕ್ಕೆ. ಪುಟ್ಟ ಮಕ್ಕಳ ಕೈಗೂ ಎಟುಕಬಾರದು. 24 ವರ್ಷದವರೆಗಿನವರಲ್ಲಿ ಚಿಕಿತ್ಸೆಯ ಆರಂಭದಲ್ಲಿ ಇಂಥ ಯೋಚನೆ ಹೆಚ್ಚಬಹುದೆಂಬ ಎಚ್ಚರಿಕೆಯನ್ನು ಅಮೆರಿಕದ ಔಷಧ ನಿಯಂತ್ರಕರು ಎಲ್ಲ ಖಿನ್ನತೆ-ನಿವಾರಕಗಳ ಮೇಲೂ ಹಾಕಿಸಿದ್ದಾರೆ. ನಮ್ಮಲ್ಲಿ ಅಂಥ ಸಂಕಟದ ಹೊತ್ತಿಗೆ ಟೆಲಿ-ಮಾನಸ್ ಸಹಾಯವಾಣಿ 14416 ಇದೆ, ಕನ್ನಡದಲ್ಲೇ ಮಾತಾಡಬಹುದು.

ಇತ್ತೀಚೆಗೆ ಹೃದಯಾಘಾತ ಆದವರಿಗೆ ಈ ಮಾತ್ರೆ ಸಲ್ಲದು. ಹಿಂದೊಮ್ಮೆ ಉನ್ಮಾದದ ಹಂತ ಬಂದುಹೋದವರಲ್ಲಿ ಅದನ್ನು ಮತ್ತೆ ಕೆರಳಿಸಬಹುದು. ಮದ್ಯದ ಜೊತೆ ಮಂಪರು ಇಮ್ಮಡಿಸುತ್ತದೆ.

ನಮ್ಮ ಊರುಗಳಲ್ಲಿ ಇನ್ನೊಂದು ತೊಡಕು, ಒಬ್ಬರೇ ರೋಗಿ ಮೂರು ನಾಲ್ಕು ಡಾಕ್ಟರ ಚೀಟಿ ಇಟ್ಟುಕೊಂಡಿರುವುದು. ಮೂಳೆ ಡಾಕ್ಟರು ಬೆನ್ನುನೋವಿಗೆ ಟ್ರಮಡಾಲ್ ಬರೆದಿರುತ್ತಾರೆ. ಅಮಿಟ್ರಿಪ್ಟಿಲಿನ್ ಜೊತೆ ಸೇರಿದರೆ ಫಿಟ್ಸ್ ಬರುವ ಸಾಧ್ಯತೆ ಏರುತ್ತದೆ. ಇನ್ನೊಬ್ಬರು ಕೊಟ್ಟ ಫ್ಲುಯೊಕ್ಸೆಟಿನ್ ಯಕೃತ್ತಿನಲ್ಲಿ ಹಳೆಯ ಮಾತ್ರೆ ಕರಗುವುದನ್ನು ತಡೆದು, ರಕ್ತದಲ್ಲಿ ಅದರ ಮಟ್ಟವನ್ನು ಹಲವು ಪಟ್ಟು ಏರಿಸಬಲ್ಲದು. ನರನೋವಿನ ಎಷ್ಟೋ ಮಾತ್ರೆಗಳಲ್ಲಿ ಗ್ಯಾಬಪೆಂಟಿನ್ ಅಥವಾ ಪ್ರಿಗ್ಯಾಬಲಿನ್ ಜೊತೆ ನಾರ್ಟ್ರಿಪ್ಟಿಲಿನ್ ಬೆರೆತಿರುತ್ತದೆ. ಬ್ರಾಂಡ್ ಹೆಸರು ಮಾತ್ರ ನೋಡಿದವರಿಗೆ ಅದು ಗೊತ್ತಾಗುವುದಿಲ್ಲ. ಹೊಸ ಡಾಕ್ಟರ ಬಳಿ ಹೋಗುವಾಗ ಚೀಟಿಗಳ ಬದಲು ಮಾತ್ರೆಯ ಪಟ್ಟಿಗಳನ್ನೇ ಚೀಲಕ್ಕೆ ಹಾಕಿಕೊಂಡು ಹೋಗುವುದು ಒಳ್ಳೆಯದು. ಬಿಡಬೇಕೆನಿಸಿದರೆ ಒಮ್ಮೆಲೇ ನಿಲ್ಲಿಸುವಂತಿಲ್ಲ. ಓಕರಿಕೆ, ತಲೆನೋವು, ನಿದ್ದೆಗೇಡು ಶುರುವಾಗಬಹುದು. ಬರೆದುಕೊಟ್ಟ ಡಾಕ್ಟರೇ ವಾರ ವಾರಕ್ಕೆ ಪ್ರಮಾಣ ಇಳಿಸುತ್ತಾ ಬರುತ್ತಾರೆ.